ಸಹಾಯ ಬೇಕು: ಬೇಲಿಯಂಚಿನ ಈ ಕಾಡುತುಳಸಿ ಯಾವುದು?

ಎಲ್ಲರಿಗೂ ನಮಸ್ಕಾರ. ಮೂಡಿಗೆರೆ ತಾಲ್ಲೂಕಿನ ನಮ್ಮ ಕಾಫಿ ತೋಟದ ಬೇಲಿಯಂಚಿನಲ್ಲಿ ಯಾರೂ ನೆಡದೆ ತಾನಾಗಿಯೇ ಬೆಳೆದಿರುವ ಒಂದು ತುಳಸಿಯನ್ನು ಗುರುತಿಸಲು ತಿಳಿದವರ ನೆರವು ಬೇಕಾಗಿದೆ. ಗಿಡ ನನ್ನ ಭುಜದೆತ್ತರವಿದ್ದು, ಬುಡದ ಕಾಂಡ ಮರದಂತೆ ಗಟ್ಟಿಯಾಗಿದೆ. ಅಂಗೈಯಷ್ಟು ಉದ್ದದ, ಗರಗಸದಂಚಿನ ಎಲೆಯನ್ನು ಹೊಸಕಿದರೆ ಪೂಜೆಯ ತುಳಸಿಯ ಪರಿಮಳಕ್ಕಿಂತ ಲವಂಗದ ಘಾಟೇ ಮೂಗಿಗೆ ಬಡಿಯುತ್ತದೆ. ಬೀಜವನ್ನು ರಾತ್ರಿಯಿಡೀ ನೆನೆಸಿ ನೋಡಿದೆ, ಕಾಮಕಸ್ತೂರಿಯಂತೆ ಉಬ್ಬಿ ಲೋಳೆಗಟ್ಟಲಿಲ್ಲ.

ಇದು ಆಸಿಮಮ್ ಗ್ರಾಟಿಸಿಮಮ್, ಅಂದರೆ ರಾಮತುಳಸಿ ಇರಬಹುದೆಂದು ನನ್ನ ಊಹೆ. ಆ ಜಾತಿಯ ಕೆಲವು ಬಗೆಗಳ ಎಲೆಯೆಣ್ಣೆಯಲ್ಲಿ ಲವಂಗದ ಯೂಜಿನಾಲ್, ಇನ್ನು ಕೆಲವದರಲ್ಲಿ ಓಮದ ಥೈಮಾಲ್ ಹೆಚ್ಚಾಗಿರುತ್ತದೆ. ಪಶ್ಚಿಮ ಆಫ್ರಿಕಾದಲ್ಲಿ ಅದನ್ನು ಸಾರಿಗೂ ಹಾಕುತ್ತಾರೆ, ಭೇದಿಗೂ ಕೊಡುತ್ತಾರೆ. ನೆಗಡಿಯಾದಾಗ ನಮ್ಮ ಅಜ್ಜಿ ಇಂಥದೇ ಎಲೆ ಕುದಿಸಿ ಹಬೆ ಕೊಡುತ್ತಿದ್ದರು, ಆದರೆ ಅವರು ಕರೆಯುತ್ತಿದ್ದುದು ನಾಯಿತುಳಸಿ ಎಂದು. ಆ ಹೆಸರು ಇನ್ನೊಂದು ಕುಳ್ಳ ಗಿಡಕ್ಕೂ ಇರುವುದರಿಂದಲೇ ಈ ಗೊಂದಲ.

ಯಾವ ಲಕ್ಷಣದಿಂದ ಇವೆರಡನ್ನು ಬೇರ್ಪಡಿಸಬೇಕು, ನಿಮ್ಮ ಮನೆಗಳಲ್ಲಿ ಇದರ ಕಷಾಯವನ್ನು ಹೇಗೆ ಮಾಡುತ್ತಾರೆ ಎಂಬುದನ್ನು ದಯವಿಟ್ಟು ತಿಳಿಸಿ. ಮನೆಯಲ್ಲಿ ಬಸುರಿ ಸೊಸೆ ಇರುವುದರಿಂದ, ಗಿಡ ಖಚಿತವಾಗುವವರೆಗೆ ಯಾರಿಗೂ ಕುಡಿಸುವುದಿಲ್ಲ.