ಹೊಸ ಕಂಪ್ಯೂಟರಿನಲ್ಲಿ ಕರೆನ್ಸಿ ಡಿಎಲ್‌ಎಲ್ ಸಿಗುತ್ತಿಲ್ಲ, ಹಳೇ ಬಿಲ್‌ನಲ್ಲಿ 2,564 ರೂಪಾಯಿ ವ್ಯತ್ಯಾಸ

ಕ್ಯೂರಿಂಗ್‌ಲೆಕ್ಕ, ಚಿಕ್ಕಮಗಳೂರು

ಎಲ್ಲರಿಗೂ ನಮಸ್ಕಾರ. ನಾನು ಇಲ್ಲಿನ ಒಂದು ಕಾಫಿ ಕ್ಯೂರಿಂಗ್ ವರ್ಕ್ಸ್‌ನಲ್ಲಿ ಲೆಕ್ಕ ನೋಡಿಕೊಳ್ಳುತ್ತೇನೆ. ರಫ್ತಿನ ಬಿಲ್ ಮಾಡೋಕೆ ನಮ್ಮಲ್ಲಿ ಹಳೇ ಸಾಫ್ಟ್‌ವೇರ್ ಒಂದಿದೆ, ವಿಬಿ6 (ವಿಷುಯಲ್ ಬೇಸಿಕ್ 6) ಅನ್ನುವ ಹಳೇ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೆದಿದ್ದು. ಬರೆದುಕೊಟ್ಟವರು ಈಗ ಆ ಕೆಲಸ ಬಿಟ್ಟಿದ್ದಾರೆ.

ಈಗ ವಿಂಡೋಸ್ 11 ಇರುವ ಹೊಸ ಕಂಪ್ಯೂಟರ್ ಬಂದಿದೆ. ಸಾಫ್ಟ್‌ವೇರ್ ಫೋಲ್ಡರನ್ನು ಹಾಗೇ ಕಾಪಿ ಮಾಡಿ ಹಾಕಿದೆ. ತೆರೆಯುತ್ತದೆ. ಪಾರ್ಟಿ ಹೆಸರು, ಬ್ಯಾಗ್, ತೂಕ ಎಲ್ಲ ಸರಿಯಾಗಿ ಬರುತ್ತದೆ. ಡಾಲರನ್ನು ರೂಪಾಯಿಗೆ ಬದಲಾಯಿಸುವ ಬಟನ್ ಒತ್ತಿದರೆ ಮಾತ್ರ ‘ರನ್‌ಟೈಮ್ ಎರರ್ 429’ ಅಂತ ಬಂದು ಮುಚ್ಚಿಕೊಳ್ಳುತ್ತದೆ. ಪರಿಚಯದ ಹುಡುಗ ನೋಡಿ, ಕರೆನ್ಸಿ ಬದಲಾಯಿಸುವ ಡಿಎಲ್‌ಎಲ್ ಫೈಲ್ (ಸಾಫ್ಟ್‌ವೇರ್ ಬೇಕಾದಾಗ ಕರೆದು ಬಳಸುವ ಕೋಡ್ ಇರುವ ಫೈಲ್) ಇಲ್ಲ, ನೆಟ್‌ನಲ್ಲಿ ಫ್ರೀ ಡಿಎಲ್‌ಎಲ್ ಕೊಡುವ ಸೈಟ್‌ಗಳಿವೆ, ಇಳಿಸಿಕೊಳ್ಳಿ ಅಂದ. ಇಳಿಸಬಹುದಾ?

ಇನ್ನೊಂದು ವಿಷಯ. ಹಳೇ ಕಂಪ್ಯೂಟರಿನಲ್ಲಿ ಮಾಡಿದ ಒಂದು ಬಿಲ್ ಅನ್ನು ನಮ್ಮ ಆಡಿಟರ್ ಕೈಲೆಕ್ಕ ಹಾಕಿ ನೋಡಿದರು. ಒಂದು ಕಂಟೇನರ್, 320 ಬ್ಯಾಗ್, 19.2 ಟನ್. ಟನ್‌ಗೆ 4,000 ಡಾಲರ್, ಒಟ್ಟು 76,800 ಡಾಲರ್. ಆ ದಿನದ ದರ 85.4367. ಅವರ ಲೆಕ್ಕ 65,61,538.56. ಬಿಲ್‌ನಲ್ಲಿ ಇರುವುದು 65,64,102.56. ದರ ಹಾಕಿದ್ದು ಸರಿಯಾಗಿಯೇ ಇದೆ. 2,564 ರೂಪಾಯಿ ಎಲ್ಲಿಂದ ಬಂತು?

ಬಯಲುಸೀಮೆ

ವಿಂಡೋಸ್ ಕ್ಯಾಲ್ಕುಲೇಟರ್‌ನಲ್ಲೇ ‘ಕರೆನ್ಸಿ’ ಅಂತ ಇದೆ ಮೇಡಂ, ದರವನ್ನು ನೆಟ್‌ನಿಂದ ತಾನೇ ತರುತ್ತದೆ. ಇಲ್ಲಾಂದ್ರೆ ಎಕ್ಸೆಲ್‌ನ ಆಡ್-ಇನ್ ಪಟ್ಟಿಯಲ್ಲಿ ‘ಯೂರೋ ಕರೆನ್ಸಿ ಟೂಲ್ಸ್’ ಟಿಕ್ ಮಾಡಿ. ‘ಯೂರೋಕನ್ವರ್ಟ್’ ಅನ್ನುವ ಫಾರ್ಮುಲಾ ಸಿಗುತ್ತದೆ. ಈ ಡಿಎಲ್‌ಎಲ್ ತಲೆನೋವೇ ಬೇಡ.

ಹಳೇಕೋಡ್, ಮೈಸೂರು

ಮೇಡಂ, ದಯವಿಟ್ಟು ಆ ಸೈಟ್‌ಗಳಿಂದ ಏನನ್ನೂ ಇಳಿಸಬೇಡಿ. ವಿಬಿ6 ಕಾಲದ ಸಾಫ್ಟ್‌ವೇರ್‌ಗಳನ್ನು ನಡೆಸಿಕೊಂಡು ಹೋಗುವುದೇ ನನ್ನ ಕೆಲಸ, ಅದಕ್ಕೇ ಒತ್ತಿ ಹೇಳುತ್ತಿದ್ದೇನೆ. ಇಂಥ ಡಿಎಲ್‌ಎಲ್ ಅನ್ನು ಸುಮ್ನೆ ಫೋಲ್ಡರಿಗೆ ಹಾಕಿದರೆ ಸಾಲದು, ರಿಜಿಸ್ಟರ್ ಮಾಡಬೇಕು, ಅಂದರೆ ಅದು ಎಲ್ಲಿದೆ ಅಂತ ವಿಂಡೋಸ್‌ಗೆ ತಿಳಿಸಬೇಕು. ಹಾಗೆ ಮಾಡುವಾಗ ಆ ಫೈಲಿನೊಳಗಿನ ಕೋಡ್ ಅಡ್ಮಿನ್ ಅಧಿಕಾರದಲ್ಲಿ ಒಮ್ಮೆ ಓಡುತ್ತದೆ. ಯಾರು ಬರೆದರೋ ಗೊತ್ತಿಲ್ಲದ ಫೈಲ್‌ಗೆ, ಬ್ಯಾಂಕ್ ವಿವರ ಇರುವ ಕಂಪ್ಯೂಟರಿನಲ್ಲಿ, ಅಷ್ಟು ಅಧಿಕಾರ ಕೊಡುವುದು ಬೇಡ. ಹೆಸರು ಒಂದೇ ಇದ್ದ ಮಾತ್ರಕ್ಕೆ ನಿಮ್ಮ ಫೈಲೇ ಸಿಗುತ್ತದೆ ಅಂತಲೂ ಇಲ್ಲ.

ನಿಮಗೆ ಬೇಕಾದ ಫೈಲ್ ನಿಮ್ಮ ಹಳೇ ಡಿಸ್ಕ್‌ನಲ್ಲೇ ಇರುತ್ತದೆ. ಸಾಫ್ಟ್‌ವೇರ್ ಫೋಲ್ಡರಿನಲ್ಲಿ ಇಲ್ಲದಿದ್ದರೆ ವಿಂಡೋಸ್ ಒಳಗಿನ ಸಿಸ್ಟಮ್32 ಫೋಲ್ಡರಿನಲ್ಲಿ ಹುಡುಕಿ. ಹಳೇ ವಿಂಡೋಸ್ 64 ಬಿಟ್ ಆಗಿದ್ದರೆ ಸಿಸ್‌ವಾವ್64 ಫೋಲ್ಡರಿನಲ್ಲಿ. ವಿಬಿ6 ಸಾಫ್ಟ್‌ವೇರ್ ಓಡಲು ಬೇಕಾದ ರನ್‌ಟೈಮ್ ಫೈಲ್ ವಿಂಡೋಸ್ 11ರ ಜೊತೆಗೇ ಬರುತ್ತದೆ, ಅದನ್ನು ಹುಡುಕುವ ಅಗತ್ಯ ಇಲ್ಲ. 429 ಬರುವುದು ಸಾಮಾನ್ಯವಾಗಿ ಡಿಎಲ್‌ಎಲ್ ರಿಜಿಸ್ಟರ್ ಆಗದೇ ಇದ್ದಾಗ.

ಸಿಕ್ಕ ಫೈಲನ್ನು ಸಾಫ್ಟ್‌ವೇರ್ ಫೋಲ್ಡರಿಗೇ ಹಾಕಿ. ಆಮೇಲೆ ಕಮಾಂಡ್ ಪ್ರಾಂಪ್ಟನ್ನು ಅಡ್ಮಿನ್ ಆಗಿ ತೆರೆದು, ಸಿಸ್‌ವಾವ್64ರಲ್ಲಿರುವ ರೆಗ್‌ಎಸ್‌ವಿಆರ್32 (ಡಿಎಲ್‌ಎಲ್ ರಿಜಿಸ್ಟರ್ ಮಾಡುವ ಪ್ರೋಗ್ರಾಂ) ಅನ್ನು ಪೂರ್ತಿ ದಾರಿ ಕೊಟ್ಟು ಓಡಿಸಿ, ಪಕ್ಕದಲ್ಲಿ ಡಿಎಲ್‌ಎಲ್ ಇರುವ ದಾರಿ ಬರೆಯಿರಿ. ಸಿಸ್ಟಮ್32 ಅಂತ ಹೆಸರಿದ್ದರೂ ಈಗಿನ ವಿಂಡೋಸ್‌ನಲ್ಲಿ ಅಲ್ಲಿರುವುದು 64 ಬಿಟ್ ಫೈಲ್‌ಗಳು. ವಿಬಿ6ನ 32 ಬಿಟ್ ಸರಕಿಗೆ ಜಾಗ ಸಿಸ್‌ವಾವ್64. ‘ಮಾಡ್ಯೂಲ್ ಲೋಡ್ ಆಗಲಿಲ್ಲ’ ಅಂತ ಬಂದರೆ ಈ ಡಿಎಲ್‌ಎಲ್ ನೆಚ್ಚಿಕೊಂಡಿರುವ ಇನ್ನೊಂದು ಫೈಲ್ ಕಾಣೆಯಾಗಿರಬಹುದು. ಅದನ್ನೂ ಅದೇ ಡಿಸ್ಕ್‌ನಲ್ಲಿ ಹುಡುಕಿ.

ಈಗ ಆ 2,564 ರೂಪಾಯಿ. ಮೇಡಂ, 429ಕ್ಕಿಂತ ನನಗೆ ಇದೇ ದೊಡ್ಡ ವಿಷಯ. ಕ್ಯಾಲ್ಕುಲೇಟರ್ ತೆಗೆದುಕೊಂಡು 76,800 ಅನ್ನು 65,64,102.56ರಿಂದ ಭಾಗಿಸಿ. 0.0117 ಬರುತ್ತದೆ. ಅಂದರೆ ನಿಮ್ಮ ಡಿಎಲ್‌ಎಲ್ ಡಾಲರನ್ನು 85.4367ರಿಂದ ಗುಣಿಸುತ್ತಿಲ್ಲ. ಒಂದು ರೂಪಾಯಿಗೆ ಎಷ್ಟು ಡಾಲರ್ ಅಂತ ತಿರುಗಿಸಿ ಇಟ್ಟುಕೊಂಡು, ಅದರಿಂದ ಭಾಗಿಸುತ್ತಿದೆ. ನಿಜವಾದ ತಿರುಗುಮುರುಗು ದರ 0.0117045 ಚಿಲ್ಲರೆ. ಕೊನೆಯ ಅಂಕಿಗಳು ಎಲ್ಲಿ ಹೋದವು? ವಿಬಿ6ನಲ್ಲಿ ‘ಕರೆನ್ಸಿ’ ಅನ್ನುವ ಒಂದು ಡೇಟಾ ಟೈಪ್ ಇದೆ. ಅದು ಮೊತ್ತವನ್ನು 10,000ದಿಂದ ಗುಣಿಸಿ ಪೂರ್ಣಾಂಕವಾಗಿ ಇಡುತ್ತದೆ, ಹಾಗಾಗಿ ದಶಮಾಂಶದ ನಂತರ ನಾಲ್ಕೇ ಸ್ಥಾನ. ಹಣ ಇಡಲು ಅದು ಒಳ್ಳೆಯದು, ಪೈಸೆ ತಪ್ಪುವುದಿಲ್ಲ. ತಿರುಗಿಸಿದ ದರ ಇಡಲು ಸಾಲದು. ನಾಲ್ಕು ಸ್ಥಾನಕ್ಕೆ ರೌಂಡ್ ಮಾಡಿದರೆ ನಾಲ್ಕನೇ ಸ್ಥಾನದ ಅರ್ಧದಷ್ಟು ತಪ್ಪು ಬರಬಹುದು; 0.0117ರಂಥ ಸಣ್ಣ ಸಂಖ್ಯೆಯಲ್ಲಿ ಅಷ್ಟು ಅಂದರೆ ನೂರು ರೂಪಾಯಿಗೆ ಸುಮಾರು 43 ಪೈಸೆ. ಒಂದು ದಿನ ಜಾಸ್ತಿ ತೋರಿಸುತ್ತದೆ, ಇನ್ನೊಂದು ದಿನ ಕಡಿಮೆ.

ಈ ತೊಂದರೆ ಹೊಸದಲ್ಲ. ಯೂರೋ ಬರುವ ಮೊದಲೇ, 1997ರಲ್ಲಿ, ಯುರೋಪಿಯನ್ ಒಕ್ಕೂಟ ಇದಕ್ಕೆ ಕಾನೂನೇ ಮಾಡಿತು: ದರದಲ್ಲಿ (ಮೊದಲ ಸೊನ್ನೆಗಳನ್ನು ಬಿಟ್ಟು) ಆರು ಮುಖ್ಯ ಅಂಕಿ ಇರಬೇಕು, ಕತ್ತರಿಸಬಾರದು, ತಿರುಗಿಸಿದ ದರ ಬಳಸಲೇಬಾರದು. ಇಟಲಿಯ ಲೀರಾ ನೋಡಿ. ಒಂದು ಯೂರೋಗೆ 1936.27 ಲೀರಾ. ಹತ್ತು ಲಕ್ಷ ಲೀರಾವನ್ನು ಅದರಿಂದ ಭಾಗಿಸಿದರೆ 516.46 ಯೂರೋ. ತಿರುಗಿಸಿ ನಾಲ್ಕು ಸ್ಥಾನಕ್ಕೆ 0.0005 ಅಂತ ಇಟ್ಟು ಗುಣಿಸಿದರೆ 500. ಹದಿನಾರೂವರೆ ಯೂರೋ ಮಾಯ!

ಬಯಲುಸೀಮೆ ಅವರೇ, ಎಕ್ಸೆಲ್‌ನ ಆ ಆಡ್-ಇನ್ ಈ ಕಾನೂನಿಗೆ ಹೊಂದುವಂತೆ ಮಾಡಿದ್ದು. ಜರ್ಮನ್ ಮಾರ್ಕ್, ಫ್ರಾಂಕ್, ಲೀರಾ ಹೀಗೆ ಯೂರೋಗೆ ಸೇರಿಹೋದ ಹಣಕ್ಕೆ ಮಾತ್ರ. ಅವುಗಳ ದರ ಬದಲಾಗದು, ಅದಕ್ಕೇ ಫೈಲಿನೊಳಗೇ ಬರೆದಿಡಬಹುದು. ರೂಪಾಯಿ, ಡಾಲರ್ ಅದರಲ್ಲಿ ಇಲ್ಲ. ಕ್ಯಾಲ್ಕುಲೇಟರ್ ಅಂದಾಜಿಗೆ ಚೆನ್ನ. ಆದರೆ ಬಿಲ್‌ನಲ್ಲಿ ‘ಈ ದರ ಯಾರದು, ಯಾವ ದಿನದ್ದು’ ಅಂತ ಕೇಳಿದರೆ ಉತ್ತರ ಕೊಡಬೇಕಲ್ವಾ?

ಫ್ರಾಂಕ್‌ಫರ್ಟ್‌ಕನ್ನಡಿಗ

ಹಳೇಕೋಡ್ ಸರ್ ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ಇಲ್ಲಿನ ಯುರೋಪಿಯನ್ ಸೆಂಟ್ರಲ್ ಬ್ಯಾಂಕ್ ಕೆಲಸದ ದಿನಗಳಲ್ಲಿ ಸಂಜೆ 4 ಗಂಟೆ ಹೊತ್ತಿಗೆ ದರಗಳನ್ನು ಒಂದು ಎಕ್ಸ್‌ಎಂಎಲ್ ಫೈಲಿನಲ್ಲಿ ಹಾಕುತ್ತದೆ. ರೂಪಾಯಿಯೂ ಇದೆ. ಲಿನಕ್ಸ್‌ನ ಕೆಡಿಇ ಡೆಸ್ಕ್‌ಟಾಪ್‌ನ ಪರಿವರ್ತನೆ ಲೈಬ್ರರಿ ದರ ತರುವುದು ಇಲ್ಲಿಂದಲೇ. ಎಲ್ಲ ದರವೂ ಒಂದು ಯೂರೋಗೆ ಇಷ್ಟು ಅಂತ ಇರುತ್ತದೆ. ಡಾಲರ್–ರೂಪಾಯಿ ಬೇಕಾದರೆ ರೂಪಾಯಿಯ ಸಂಖ್ಯೆಯನ್ನು ಡಾಲರ್ ಸಂಖ್ಯೆಯಿಂದ ಭಾಗಿಸಬೇಕು. ಇದು ಮಾಹಿತಿಗೆ ಮಾತ್ರ ಅಂತ ಬ್ಯಾಂಕೇ ಹೇಳುತ್ತದೆ. ನಿಮ್ಮ ರಫ್ತು ಬಿಲ್‌ಗೆ ಬೇಡ.

ಕ್ಯೂರಿಂಗ್‌ಲೆಕ್ಕ

ಭಾಗಿಸಿ ನೋಡಿದೆ ಸರ್, 0.0117 ಬಂತು! ನಮ್ಮ ಆಡಿಟರ್‌ಗೂ ತೋರಿಸಿದೆ. ಹಳೇ ಡಿಸ್ಕ್‌ನಲ್ಲಿ ಫೈಲ್ ಸಿಕ್ಕಿತು, ನೀವು ಹೇಳಿದ ಹಾಗೆ ರಿಜಿಸ್ಟರ್ ಮಾಡಿದ ಮೇಲೆ 429 ಹೋಯಿತು. ಆದರೆ ಈಗ ಅದನ್ನು ಬಳಸುವುದಕ್ಕೇ ಮನಸ್ಸಿಲ್ಲ. ಸೋರ್ಸ್ ಕೋಡ್ ನಮ್ಮ ಹತ್ತಿರ ಇಲ್ಲ. ಏನು ಮಾಡಲಿ? ಹಳೇ ಬಿಲ್‌ಗಳನ್ನು ತಿದ್ದಬೇಕಾ? ಮತ್ತೆ, ಯಾವ ದರ ಹಾಕಬೇಕು?

ಹಳೇಕೋಡ್, ಮೈಸೂರು

ಹಳೇ ಬಿಲ್ ಮುಟ್ಟಬೇಡಿ ಮೇಡಂ. ನಿಮ್ಮ ಪಾರ್ಟಿ ಕೊಡುವುದು ಡಾಲರ್, ಆ ಮೊತ್ತ ಸರಿಯಾಗಿಯೇ ಇದೆ. ರೂಪಾಯಿಯಲ್ಲಿ ಬಂದಿರುವ ವ್ಯತ್ಯಾಸ ಪುಸ್ತಕದಲ್ಲಿ ವಿನಿಮಯ ವ್ಯತ್ಯಾಸದ ಖಾತೆಯಲ್ಲಿ ಕಲೆತುಹೋಗಿರುತ್ತದೆ. ಬಿಲ್‌ವಾರು ಪಟ್ಟಿ ಮಾಡಿ ಆಡಿಟರ್ ಕೈಗೆ ಕೊಡಿ. ಜಿಎಸ್‌ಟಿ ರಿಟರ್ನ್‌ಗೆ ಇದೇ ರೂಪಾಯಿ ಮೊತ್ತ ಹೋಗಿದೆಯಾ ಅಂತ ಅವರೇ ನೋಡಿ ಹೇಳಲಿ.

ಸದ್ಯಕ್ಕೆ ಎಕ್ಸೆಲ್‌ನಲ್ಲಿ ನಾಲ್ಕು ಕಾಲಮ್ ಮಾಡಿಕೊಳ್ಳಿ: ದಿನಾಂಕ, ಕರೆನ್ಸಿ, ದರ, ದರ ಎಲ್ಲಿಂದ ಬಂತು. ಡಾಲರ್ ಗುಣಿಸು ದರ, ಕೊನೆಯಲ್ಲಿ ಒಂದೇ ಸಲ ಎರಡು ಸ್ಥಾನಕ್ಕೆ ರೌಂಡ್. ನಡುವೆ ಎಲ್ಲೂ ರೌಂಡ್ ಮಾಡಬೇಡಿ. 85.4367 ಅನ್ನು 85.44 ಅಂತ ಹಾಕಿದರೂ ಇದೇ ಬಿಲ್‌ನಲ್ಲಿ 253 ರೂಪಾಯಿ ಏರುಪೇರಾಗುತ್ತದೆ. ಬಂದ ಮೊತ್ತವನ್ನು ಬಿಲ್‌ನಲ್ಲಿ ಕೈಯಲ್ಲೇ ಟೈಪ್ ಮಾಡಿ.

ದರದ ವಿಷಯ: ಶಿಪ್ಪಿಂಗ್ ಬಿಲ್‌ಗೂ ಜಿಎಸ್‌ಟಿ ಮೌಲ್ಯಕ್ಕೂ ಕಸ್ಟಮ್ಸ್ ಪ್ರಕಟಿಸುವ ದರ. ಹಣ ಬಂದಾಗ ನಿಮ್ಮ ಬ್ಯಾಂಕಿನ ಟಿಟಿ ಬೈಯಿಂಗ್ ದರ (ಹೊರಗಿನಿಂದ ಬಂದ ಡಾಲರನ್ನು ಬ್ಯಾಂಕ್ ಕೊಳ್ಳುವ ದರ). ಪುಸ್ತಕಕ್ಕೆ ರೆಫರೆನ್ಸ್ ದರ ಬೇಕಾದರೆ ಎಫ್‌ಬಿಐಎಲ್ (ಫೈನಾನ್ಶಿಯಲ್ ಬೆಂಚ್‌ಮಾರ್ಕ್ಸ್ ಇಂಡಿಯಾ ಸಂಸ್ಥೆ) ಕೊಡುವುದು. 2018ರ ಜುಲೈವರೆಗೆ ಅದನ್ನು ರಿಸರ್ವ್ ಬ್ಯಾಂಕೇ ಕೊಡುತ್ತಿತ್ತು. ಜಪಾನ್‌ಗೆ ಕಳಿಸುವುದಿದ್ದರೆ ಜೋಪಾನ, ಯೆನ್ ದರ ಇರುವುದು 100 ಯೆನ್‌ಗೆ.

ಸೋರ್ಸ್ ಕೋಡ್ ಇಲ್ಲದಿದ್ದರೂ ದಾರಿ ಇದೆ. ಅದೇ ಕ್ಲಾಸ್, ಅದೇ ಫಂಕ್ಷನ್ ಹೆಸರುಗಳು, ವಿಂಡೋಸ್ ಗುರುತಿಸುವ ಅದೇ ಐಡಿ ಸಂಖ್ಯೆ ಇಟ್ಟುಕೊಂಡು ಹೊಸ ಡಿಎಲ್‌ಎಲ್ ಬರೆದರೆ ನಿಮ್ಮ ಸಾಫ್ಟ್‌ವೇರ್ ಅದನ್ನೇ ಹಳೆಯದು ಅಂತ ತಿಳಿದು ಕರೆಯುತ್ತದೆ. ಒಳಗೆ ಗುಣಾಕಾರ ಮಾತ್ರ ಸರಿಮಾಡಬೇಕು. ಆ ಫೈಲನ್ನು ವಿಬಿ6ನ ಆಬ್ಜೆಕ್ಟ್ ಬ್ರೌಸರ್‌ನಲ್ಲಿ ತೆರೆದರೆ ಫಂಕ್ಷನ್‌ಗಳ ಪಟ್ಟಿ ಕಾಣುತ್ತದೆ. ಆ ಪಟ್ಟಿಯ ಸ್ಕ್ರೀನ್‌ಶಾಟ್ ಇಲ್ಲಿ ಹಾಕಿ, ಭಾನುವಾರ ಕೂತು ನೋಡುತ್ತೇನೆ.