1899ರ ಸೆವಾನಿ ತಂಡ: 'ಸೀಸನ್'ಗೆ ಏನು ಬರೆಯಲಿ? (ತುರ್ತು)

ನಮಸ್ಕಾರ. ನಾಳೆ ಬೆಳಗ್ಗೆ ಪುಟ ಅಚ್ಚಿಗೆ ಹೋಗುತ್ತದೆ, ಒಂದು ಪದ ಬೇಕು. ಹಳೆಯ ಅಮೆರಿಕನ್ ಕಾಲೇಜು ಫುಟ್‌ಬಾಲ್ ಬಗ್ಗೆ ಲೇಖನ. ಟೆನೆಸಿಯ ಗುಡ್ಡದ ಮೇಲೆ ಸೆವಾನಿ ಅಂತ ಪುಟ್ಟ ಊರು, ಅಲ್ಲಿ ಯೂನಿವರ್ಸಿಟಿ ಆಫ್ ದ ಸೌತ್. ಅವರ ತಂಡ 1899ರಲ್ಲಿ 12 ಪಂದ್ಯ ಆಡಿ 12ನ್ನೂ ಗೆದ್ದಿತು. ಗಳಿಸಿದ್ದು 322 ಪಾಯಿಂಟು, ಬಿಟ್ಟುಕೊಟ್ಟಿದ್ದು 10. ಆ 10 ಕೂಡ ಒಂದೇ ಪಂದ್ಯದಲ್ಲಿ, ಆಬರ್ನ್ ವಿರುದ್ಧ 11-10. ಮಿಕ್ಕ ಹನ್ನೊಂದು ತಂಡಕ್ಕೂ ಸೊನ್ನೆ.

ಫೋಟೋ ಕೆಳಗಿನ ಸಾಲು: 'ಸೆವಾನಿಯ ಅಜೇಯ ______, 1899'. 'ಋತು' ಹಾಕಿದ್ದೆ, ಸಂಪಾದಕರು ಕೆಂಪು ಗೆರೆ ಎಳೆದರು. 'ಅಜೇಯ ಋತು' ಓದಿದರೆ ಬೇರೇನೋ ಅನಿಸುತ್ತದಂತೆ. 'ವರ್ಷ' ಆಗಲ್ಲ, ಆಟ ನಡೆದಿದ್ದು ಅಕ್ಟೋಬರ್‌ನಿಂದ ಡಿಸೆಂಬರ್ ಮೊದಲ ವಾರದವರೆಗೆ ಅಷ್ಟೇ. 'ಸರಣಿ' ಅಂದರೆ ಒಂದೇ ತಂಡದ ಜೊತೆ ಆಡಿದ ಹಾಗಾಗುತ್ತದೆ. ಒಂದೇ ಪದ ಇರಲಿ, ಜಾಗ ಇಲ್ಲ.

ಧಾರವಾಡದಿಂದ:
ಹಂಗಾಮು. ಮುಗೀತು. ಕಬ್ಬು ನುರಿಸೋ ಹಂಗಾಮು ಅಂತೀವಲ್ಲ, ಕಾರ್ಖಾನೆ ಬಾಗಿಲು ತೆಗೆದಾಗಿಂದ ಮುಚ್ಚೋವರೆಗೆ, ನಡುವೆ ಎಷ್ಟು ಟನ್ ಆಯ್ತು ಅನ್ನೋ ಲೆಕ್ಕ ಸಮೇತ. ನಿಮ್ಮ 322ಕ್ಕೆ 10 ಅನ್ನೋದೂ ಅದೇ ಥರದ ಲೆಕ್ಕ.

ಮೈಸೂರಿನಿಂದ:
ಹಂಗಾಮು ಪಾರ್ಸಿ. ಋತು ಸಂಸ್ಕೃತ. ಒಂದು ಸಾಲ ತೀರಿಸಲು ಇನ್ನೊಂದು ಸಾಲ ಯಾಕೆ? ಮುಂಗಾರು, ಹಿಂಗಾರು ನಮ್ಮಲ್ಲೇ ಇವೆ. ಆಟ + ಕಾರು, ಆದೇಶ ಸಂಧಿ, ಆಟಗಾರು. ಮೂವತ್ತು ವರ್ಷದಿಂದ ಹೇಳುತ್ತಿದ್ದೇನೆ, ಕನ್ನಡದಲ್ಲಿ ಪದ ಕಟ್ಟೋದು ಕಷ್ಟ ಅಲ್ಲ, ಕಟ್ಟೋ ಮನಸ್ಸಿಲ್ಲ. ಹಾಗೇ ಶೀರ್ಷಿಕೆಯಲ್ಲಿ 'ಫುಟ್‌ಬಾಲ್' ಇದ್ದರೆ ಅದನ್ನೂ ಕಾಲ್ಚೆಂಡು ಮಾಡಿ.

ಶಿರಸಿಯಿಂದ:
'ಸೆವಾನಿಯ ಅಜೇಯ ಆಟಗಾರು'. ಓದಿದವರು ಒಂದು 'ರ' ಬಿಟ್ಟುಹೋಗಿದೆ ಅಂತ ಪ್ರೂಫ್ ನೋಡಿದವರನ್ನ ಬೈತಾರೆ. ಅಲ್ಲದೆ ಕಾರು ಅಂದರೆ ಮಳೆಗಾಲ, ಕಾರ್ಮುಗಿಲಿನ ಕಾರು. ಆಟಕ್ಕೂ ಮಳೆಗೂ ಏನು ಸಂಬಂಧ? ಕಾಲ್ಚೆಂಡು ಅಂತೂ ಬೇಡವೇ ಬೇಡ, ಚೆಂಡನ್ನ ಕಂಕುಳಲ್ಲಿ ಒತ್ತಿಕೊಂಡು ಓಡೋ ಆಟ ಅದು.

ಮೈಸೂರಿನಿಂದ:
ಇವತ್ತಿನ ಆಟ ಟೀವಿಯಲ್ಲಿ ನೋಡಿ 1899ರ ಬಗ್ಗೆ ತೀರ್ಪು ಕೊಡಬೇಡಿ. ಆಗ ಚೆಂಡನ್ನ ಮುಂದಕ್ಕೆ ಎಸೆಯೋ ಹಾಗೇ ಇರಲಿಲ್ಲ, ಆ ಪರವಾನಗಿ ಬಂದಿದ್ದು 1906ರಲ್ಲಿ. ಒದ್ದು ಕಂಬಗಳ ನಡುವೆ ದಾಟಿಸಿದರೆ 5 ಪಾಯಿಂಟು, ಚೆಂಡು ಹಿಡಿದು ಕೊನೆಯ ಗೆರೆ ದಾಟೋ ಟಚ್‌ಡೌನ್‌ಗೂ 5. ಅಂದರೆ ಕಾಲಿಗೂ ಕೈಗೂ ಒಂದೇ ಬೆಲೆ. ಟಚ್‌ಡೌನ್ 6 ಆಗಿದ್ದು 1912ರಲ್ಲಿ, ಅಷ್ಟೊತ್ತಿಗೆ ಒದೆತ 3ಕ್ಕೆ ಇಳಿದಿತ್ತು. ನಿಮ್ಮ ಸೆವಾನಿ ಕಾಲದ್ದು ಕಾಲ್ಚೆಂಡೇ. ಈಗಿನದನ್ನ ಏನಾದರೂ ಕರೆದುಕೊಳ್ಳಿ.

ಶಿರಸಿಯಿಂದ:
ಪಾಯಿಂಟಿನ ಲೆಕ್ಕ ಒಪ್ಪಿದೆ. 'ಪಾಯಿಂಟು' ಅಂತ ನೀವೇ ಬರೆದಿದ್ದೀರಿ, ಗಮನಿಸಿದೆ.

ಉಡುಪಿಯಿಂದ:
ಮಾರಾಯ್ರೇ, ಇಷ್ಟೆಲ್ಲ ಜಗಳ ಯಾಕೆ? ತಿರುಗಾಟ ಅಂತ ಬರೀರಿ. ಯಕ್ಷಗಾನ ಮೇಳದವರ ಪದ. ದೀಪಾವಳಿ ಕಳೆದು ಮೇಳ ಹೊರಟರೆ ಮೇ ಕೊನೆಯ ಪತ್ತನಾಜೆವರೆಗೆ ಒಂದು ತಿರುಗಾಟ. ಹಳೇ ಕಲಾವಿದರು ಅನುಭವ ಹೇಳೋದು ವರ್ಷದಲ್ಲಿ ಅಲ್ಲ, 'ಇಂಥ ಮೇಳದಲ್ಲಿ ಇಷ್ಟು ತಿರುಗಾಟ' ಅಂತ. ನಾವು ಪ್ರದರ್ಶನಕ್ಕೂ 'ಆಟ' ಅಂತಲೇ ಹೇಳೋದು.

ಸೆವಾನಿಯವರದಂತೂ ಅಕ್ಷರಶಃ ತಿರುಗಾಟ. ಹಣದ ವಿಷಯಕ್ಕೆ ವ್ಯಾಂಡರ್‌ಬಿಲ್ಟ್ ಯೂನಿವರ್ಸಿಟಿ ಜೊತೆ ಜಗಳ ಆಗಿ ಆ ಪಂದ್ಯ ಇರಲಿಲ್ಲ. ಟಿಕೆಟ್ ಹಣ ಕೈತಪ್ಪಿತು. ಅದನ್ನ ತುಂಬಿಕೊಳ್ಳಲು ತಂಡದ ಮ್ಯಾನೇಜರ್ ಲ್ಯೂಕ್ ಲೀ ಅನ್ನೋ ಹುಡುಗ ರೈಲಿನಲ್ಲಿ ಸುಮಾರು 4000 ಕಿಲೋಮೀಟರ್ ಸುತ್ತಿಸಿದ. ನವೆಂಬರ್ 9 ಆಸ್ಟಿನ್‌ನಲ್ಲಿ ಟೆಕ್ಸಸ್, 12-0. ಮರುದಿನ ಹ್ಯೂಸ್ಟನ್, ಟೆಕ್ಸಸ್ ಎ ಅಂಡ್ ಎಂ, 10-0. ಅದರ ಮರುದಿನ ನ್ಯೂ ಆರ್ಲಿಯನ್ಸ್, ಟುಲೇನ್, 23-0. ಭಾನುವಾರ ಆಟ ಇಲ್ಲ, ಕಬ್ಬಿನ ತೋಟ ನೋಡಿಕೊಂಡು ಬಂದರು (ಧಾರವಾಡದವರಿಗೆ ಖುಷಿ ಆಗಲಿ). ಸೋಮವಾರ ಬ್ಯಾಟನ್ ರೂಜ್‌ನಲ್ಲಿ ಎಲ್‌ಎಸ್‌ಯು (ಲೂಸಿಯಾನಾ ಸ್ಟೇಟ್ ಯೂನಿವರ್ಸಿಟಿ), 34-0. ಮಂಗಳವಾರ ಮೆಂಫಿಸ್‌ನಲ್ಲಿ ಮಿಸಿಸಿಪಿ, 12-0. ರಾತ್ರಿ ರೈಲು, ಹಗಲು ಆಟ. ಆರು ದಿನದಲ್ಲಿ ಐದು ಗೆಲುವು, ಐದೂ ತಂಡಕ್ಕೆ ಸೊನ್ನೆ. ಕುಡಿಯೋ ನೀರನ್ನೂ ಊರಿನ ಚಿಲುಮೆಯಿಂದ ಪೀಪಾಯಿಯಲ್ಲಿ ತುಂಬಿಸಿ ಹೊತ್ತೊಯ್ದರಂತೆ.

ಬೆಂಗಳೂರಿನಿಂದ:
ಕಥೆ ಚೆನ್ನಾಗಿದೆ. ಆದರೆ ಘಟ್ಟದ ಮೇಲೆ ತಿರುಗಾಟ ಅಂದರೆ ಸುಮ್ನೆ ಅಲೆಯೋದು. 'ಅಜೇಯ ತಿರುಗಾಟ' ಅಂದರೆ ಅಲೆಯೋದರಲ್ಲಿ ಯಾರಿಗೂ ಸೋಲದವರು! ಅದೂ ಅಲ್ಲದೆ ನೀವು ಹೇಳಿದ್ದು 12ರಲ್ಲಿ 5 ಪಂದ್ಯ. ಟೆನೆಸಿ ತಂಡವನ್ನ 46-0, ಕಂಬರ್ಲೆಂಡನ್ನ 71-0 ಹೊಡೆದಿದ್ದು ಊರಲ್ಲೇ ಕೂತು.

ಮಾವಿನ ಸೀಸನ್, ಮದುವೆ ಸೀಸನ್ ಅಂತ ತರಕಾರಿ ಮಾರೋರಿಂದ ಹಿಡಿದು ಎಲ್ಲರೂ ಹೇಳ್ತಾರೆ. 'ಸೀಸನ್' ಅಂತ ಹಾಕಿ ಮಲಗಿ ಮೇಡಂ.

ಮೈಸೂರಿನಿಂದ:
ಎಲ್ಲರೂ ಹೇಳ್ತಾರೆ ಅನ್ನೋದು ವಾದ ಅಲ್ಲ, ಸೋಮಾರಿತನ. ಹೀಗೇ ಬಿಟ್ಟು ಬಿಟ್ಟು ಕ್ರಿಯಾಪದದ ಬಾಲ ಮಾತ್ರ ಕನ್ನಡದಲ್ಲಿ ಉಳಿದಿದೆ. ಆ ಸೀಸನ್ ಇಂಗ್ಲಿಷರದ್ದೂ ಅಲ್ಲ, ಫ್ರೆಂಚಿನಿಂದ ಬಂದಿದ್ದು, ಅಲ್ಲಿಗೆ ಲ್ಯಾಟಿನ್‌ನಿಂದ. ಮೂಲ ಅರ್ಥ ಬಿತ್ತನೆ.

ಧಾರವಾಡದಿಂದ:
ನೋಡ್ರಿ, ಹಂಗಾದ್ರೆ ಇಂಗ್ಲಿಷ್‌ನವರೂ ಸಾಲ ತಂದವರೇ, ಅವರ ಪದವೂ ಹೊಲದಿಂದಲೇ ಬಂದಿದ್ದು. ನಮ್ಮ ರೈತ ಹಂಗಾಮು ಅನ್ನುವಾಗ ಪಾರ್ಸಿ ಮಾತಾಡ್ತಾನೇನು? ಬೀಜ, ಗೊಬ್ಬರ, ಮಳೆ ಎಲ್ಲಾ ಆ ಪದದೊಳಗೆ ಬಂದು ಕೂತಾವೆ. ಹೊರಗಿಂದ ಬಂತು ಅಂತ ಈಗ ಹೊರಗೆ ಹಾಕೋದಾದರೆ 'ಕಾಗದ'ವನ್ನೂ ಹಾಕಬೇಕು, ಮೈಸೂರಿನವರು ಯಾವುದರ ಮೇಲೆ ಬರೀತಾರೆ?

ಬೆಂಗಳೂರಿನಿಂದ:
ನಮ್ಮ ಕಡೆ ಹಂಗಾಮಿ ಅಂದರೆ ತಾತ್ಕಾಲಿಕ. ಹಂಗಾಮಿ ಅಧ್ಯಕ್ಷರು, ಹಂಗಾಮಿ ಕುಲಪತಿ.

ಶಿರಸಿಯಿಂದ:
ಸೆವಾನಿಯ ವೈಭವವೂ ತಾತ್ಕಾಲಿಕವೇ ಆಯಿತು. ದೊಡ್ಡ ಯೂನಿವರ್ಸಿಟಿಗಳ ಜೊತೆ ಎಸ್‌ಇಸಿ (ಸೌತ್‌ಈಸ್ಟರ್ನ್ ಕಾನ್ಫರೆನ್ಸ್) ಅನ್ನೋ ಕ್ರೀಡಾಕೂಟ ಕಟ್ಟಿದವರಲ್ಲಿ ಇವರೂ ಇದ್ದರು. ಆ ಕೂಟದಲ್ಲಿ ಒಂದು ಪಂದ್ಯವನ್ನೂ ಗೆಲ್ಲದೆ 1940ರಲ್ಲಿ ಹೊರಬಂದರು. ಹಂಗಾಮು ಇರಲಿ. ಆದರೆ 'ಅಜೇಯ' ತೆಗೆಯಿರಿ, ಅಜೇಯ ಅಂದರೆ ಗೆಲ್ಲಲಾಗದ್ದು. ಆಬರ್ನ್‌ನವರು ಇನ್ನೊಂದೆರಡು ಪಾಯಿಂಟು ಹೊಡೆದಿದ್ದರೆ ಗೆದ್ದೇಬಿಡುತ್ತಿದ್ದರು.

ಕೇಳಿದವಳು:
ಎಲ್ಲರಿಗೂ ಥ್ಯಾಂಕ್ಸ್. ಸಾಲು ಹೀಗೆ ಹೋಯಿತು: 'ಸೆವಾನಿಯ ಸೋಲಿಲ್ಲದ ಹಂಗಾಮು, 1899'. ಒಳಗೆ ರೈಲಿನ ಆ ಆರು ದಿನಕ್ಕೆ 'ತಿರುಗಾಟ' ಅಂತ ಉಪಶೀರ್ಷಿಕೆ ಕೊಟ್ಟಿದ್ದೇನೆ. ಅಲ್ಲಿ ಅದು ಚೆನ್ನಾಗಿ ಕೂತಿದೆ, ಸಂಪಾದಕರು ಕರಾವಳಿಯವರು, ಅವರೂ ತಕರಾರು ಮಾಡಲಿಲ್ಲ. ಫುಟ್‌ಬಾಲ್ ಫುಟ್‌ಬಾಲೇ ಆಗಿದೆ. ಟಚ್‌ಡೌನ್ ಕೂಡ ಹಾಗೇ ಬಿಟ್ಟಿದ್ದೇನೆ, ದಯವಿಟ್ಟು ಅದಕ್ಕೆ ಯಾರೂ ಪದ ಕಳಿಸಬೇಡಿ.

ಮೈಸೂರಿನಿಂದ:
ನೆಲಮುಟ್ಟು.