ಹಿನ್ನೀರಿನ ಆಚೆಯ ಊರು ನಕ್ಷೆಯಲ್ಲಿ ಎಷ್ಟು ದೂರ?

ಪ್ರಶ್ನೆ (ಹೊಳೆಬಾಗಿಲು):
ಅಜ್ಜನ ಮರದ ಪೆಟ್ಟಿಗೆಯಲ್ಲಿ ಸಿಕ್ಕ ಹಳೆಯ ನಕ್ಷೆಯೊಂದರಲ್ಲಿ ಈಗ ಶರಾವತಿ ಹಿನ್ನೀರಿನಾಚೆ ಇರುವ ತುಮರಿ ಊರಿನ ಕಡೆಗಿನ ಬಂಡಿದಾರಿಯನ್ನು ತುಂಡುಗೆರೆಗಳಲ್ಲಿ ತೋರಿಸಲಾಗಿದೆ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದ ಮೇಲೆ ಆ ದಾರಿಯ ನಡುಭಾಗ ನೀರಿನಡಿ ಸೇರಿತು. ಈಗಿನ ನಕ್ಷೆಯಲ್ಲಿ ಅಲ್ಲಿರುವುದು ಬರೀ ನೀಲಿ ಬಣ್ಣ. ಹೊಸಬರಿಗೆ ಅದು ಅನಾದಿಯಿಂದಲೂ ನೀರೇ ಆಗಿತ್ತೆಂದು ತೋರುತ್ತದೆ. ನಕ್ಷೆ ಇದ್ದುದನ್ನು ತೋರಿಸುತ್ತದೆಯೋ, ಬರೆಸಿದವರಿಗೆ ಬೇಕಾದುದನ್ನೋ?

ಉತ್ತರ (ಕಾನಂಚು):
ಬೇಕಾದುದನ್ನೇ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಬೆನ್ನಿಗೇ ಈಸ್ಟ್ ಇಂಡಿಯಾ ಕಂಪನಿಯು ತನ್ನ ಸೇನಾಧಿಕಾರಿ ಕಾಲಿನ್ ಮೆಕೆಂಜಿಯ ಕೈಯಲ್ಲಿ ಮೈಸೂರು ಸೀಮೆಯ ಸರ್ವೆ ಆರಂಭಿಸಿದ್ದು ಗೆದ್ದ ನೆಲದ ಲೆಕ್ಕ ಹಿಡಿಯುವುದಕ್ಕಾಗಿ. ನಮ್ಮ ಗ್ರಾಮ ನಕ್ಷೆಯನ್ನೇ ಬಿಡಿಸಿ ನೋಡಿ. ಕಂದಾಯ ಕೊಡುವ ಅಡಿಕೆ ತೋಟದ ಗಡಿ ಗುಂಟೆಯ ಲೆಕ್ಕದಲ್ಲಿ ಕರಾರುವಾಕ್ಕಾಗಿರುತ್ತದೆ. ಆ ತೋಟವನ್ನು ಬದುಕಿಸುವ ಹಳ್ಳ, ನಾವು ಓಡಾಡುವ ದಾರಿ ಮಾತ್ರ ದಾಖಲೆಯಲ್ಲಿ ‘ಬಿ ಖರಾಬು’, ಅಂದರೆ ಕಂದಾಯ ಹುಟ್ಟದ ಸಾರ್ವಜನಿಕ ನೆಲ. ಯಾರ ಪಾಲಿಗೆ ಖರಾಬು ಎಂದು ಕೇಳಿದರೆ ಉತ್ತರ ಆ ಪದದಲ್ಲೇ ಇದೆ.

ಉತ್ತರ (ಕಾಲುಸಂಕ):
ಒಪ್ಪುತ್ತೇನೆ, ಆದರೆ ಅರ್ಧ. ಮುಳುಗಡೆಯಾದ ಕುಟುಂಬವು ತನಗೊಂದು ಗದ್ದೆ ಇತ್ತೆಂದು ಹೇಳಲು ಹೊರಟರೆ ಕೈಗೆ ಬರುವುದೂ ಅದೇ ಸರ್ವೆ ನಂಬರು, ಅದೇ ನಕ್ಷೆ. ಆಳುವವರು ಬರೆಸಿದ ಕಾಗದವೇ ಅವರ ವಿರುದ್ಧದ ಸಾಕ್ಷಿಯೂ ಆಗುತ್ತದೆ. ನನ್ನ ತಕರಾರು ದೂರದ ಬಗ್ಗೆ. ನಮ್ಮ ಮನೆಯಿಂದ ಎದುರು ಗುಡ್ಡದ ಮನೆ ಕೂಗಳತೆಯಲ್ಲಿದೆ. ನಡುವೆ ಹಳ್ಳಕ್ಕೆ ಎರಡು ಅಡಿಕೆ ಮರದ ದಬ್ಬೆ ಹಾಸಿ ಬಳ್ಳಿ ಬಿಗಿದ ಸಂಕವಿದೆ. ಆಷಾಢದಲ್ಲಿ ಅದು ಕೊಚ್ಚಿಹೋದರೆ ಅದೇ ಮನೆಗೆ ಅರ್ಧ ದಿನದ ಸುತ್ತು. ಹೋದ ವರ್ಷ ಫೋನಿನ ನಕ್ಷೆ ನಂಬಿ ಬಂದ ನೆಂಟರು, ಸಂಕವಿಲ್ಲದ ದಡದಲ್ಲಿ ನಿಂತು, ಗೆರೆ ನೇರವಾಗಿಯೇ ಇದೆಯಲ್ಲ ಎಂದು ಕೂಗುತ್ತಿದ್ದರು. ಮಳೆಗಾಲಕ್ಕೊಂದು, ಬೇಸಿಗೆಗೊಂದು ನಕ್ಷೆ ಬರೆಯುವ ಪದ್ಧತಿ ಎಲ್ಲಿದೆ?

ಪ್ರಶ್ನೆ ಕೇಳಿದವರು:
2025ರ ಜುಲೈನಲ್ಲಿ ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ತೆರೆದ ಮೇಲೆ ನೀಲಿಯ ಮೇಲೂ ಒಂದು ಗೆರೆ ಬಂತು. ಅಮ್ಮ ಮಾತ್ರ ಇಂದಿಗೂ ಮೊದಲು ಹಿನ್ನೀರು ದಾಟಿಸುತ್ತಿದ್ದ ಲಾಂಚಿನ ಹೊತ್ತಿಗೆ ತಕ್ಕಂತೆಯೇ ಬುತ್ತಿ ಕಟ್ಟುತ್ತಾರೆ.

ಉತ್ತರ (ಕಾನಂಚು):
ಮಳೆ ಕೈಕೊಟ್ಟ ವರ್ಷ ಬೇಸಿಗೆಯಲ್ಲಿ ನೀರಿಳಿದರೆ ಲಿಂಗನಮಕ್ಕಿಯ ಹಿನ್ನೀರಲ್ಲಿ ಮುಳುಗಿದ ಮಡೆನೂರಿನ ಹಳೆಯ ಅಣೆಕಟ್ಟು ಮೇಲೇಳುತ್ತದೆ. ಆಗ ಅಜ್ಜನ ನಕ್ಷೆ ಹಿಡಿದು ಹೋಗಿ. ದಾರಿಯ ಒಂದು ತುಂಡಾದರೂ ಸಿಕ್ಕೀತು.